ಅಪೀಲು ಬಿಡುವುದಕ್ಕೂ ಬೆಲೆ ಇದೆ

ಧಾರವಾಡದ ನಮ್ಮ ಹಳೆ ಮನೆಯ ಹಿಂದಿನ ಎರಡು ಕೋಣೆ, ಹಿತ್ತಲನ್ನು ದಾಯಾದಿಗಳ ಸ್ವಾಧೀನಕ್ಕೆ ಕೊಡಬೇಕೆಂದು ಸಿವಿಲ್ ಕೋರ್ಟು ಡಿಕ್ರಿ ಮಾಡಿತ್ತು. ಅಪ್ಪ ಅಪೀಲು ಹಾಕಿದ್ದರು. ಅವರು ತೀರಿಕೊಂಡ ಮೇಲೆ ವಾರಸುದಾರರೆಂದು ನನ್ನ ಹೆಸರೂ ತಂಗಿಯ ಹೆಸರೂ ದಾಖಲೆಗೆ ಸೇರಿದವು. ಖರ್ಚು ಮಾತ್ರ ನನ್ನೊಬ್ಬನ ಖಾತೆಗೆ.

ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ತಡೆಯಾಜ್ಞೆಯನ್ನು ಬೇರೆಯಾಗಿ ಕೇಳಬೇಕು. ಕೋರ್ಟು ಅದಕ್ಕೆ ಷರತ್ತು ಹಾಕಬಹುದು. ಡಿಕ್ರಿಯಾದ ಮೇಲೂ ಜಾಗ ಬಿಡದ ಬಾಡಿಗೆದಾರ ಮಾರುಕಟ್ಟೆ ದರದ ಬಾಡಿಗೆ ಕಟ್ಟಬೇಕಾಗಬಹುದು ಎಂದು ಆತ್ಮಾರಾಮ್ ಪ್ರಾಪರ್ಟೀಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2004ರಲ್ಲೇ ಹೇಳಿದೆ. ನಾವು ಬಾಡಿಗೆದಾರರಲ್ಲ, ಆದರೂ ತಿಂಗಳಿಗೆ 6,000 ರೂಪಾಯಿ ಕೋರ್ಟಿನಲ್ಲಿ ಠೇವಣಿ ಇಡುವ ಷರತ್ತು ನಮ್ಮ ಮೇಲೂ ಬಿತ್ತು. ವರ್ಷಕ್ಕೆ 72,000. ವಕೀಲರ ಫೀ, ಬೆಂಗಳೂರಿನಿಂದ ಓಡಾಟ ಬೇರೆ. ಇಷ್ಟೆಲ್ಲ ಯಾವುದಕ್ಕೆ? ಬೀಗ ಜಡಿದ ಎರಡು ಕೋಣೆಗೆ.

"ಅಪ್ಪ ಇಷ್ಟು ವರ್ಷ ಬಡದಾಡಿದ್ದು ಸುಮ್ನ ಆತೇನ ಅಣ್ಣಾ?" ಎಂದಳು ತಂಗಿ. ಲೆಕ್ಕದ ಹಾಳೆಯನ್ನು ಅವಳ ಮುಂದಿಟ್ಟೆ. ಅಪ್ಪನ ಹಟಕ್ಕೆ ಅದರಲ್ಲಿ ಕಾಲಮ್ಮು ಇರಲಿಲ್ಲ. ಹಾಗಿರುವುದೇ ಸರಿ ಎಂದು ನನಗೆ ಈಗಲೂ ಅನಿಸುತ್ತದೆ.

ಅಪೀಲು ಹಿಂತೆಗೆಯಲು ಒಂದು ಮೆಮೊ ಸಾಕು ಎಂದುಕೊಂಡೇ ವಕೀಲರ ಬಳಿ ಹೋದೆವು. ಅವರು ತಡೆದರು. ಜಾಗ ಅನುಭವಿಸಿದ್ದಕ್ಕೆ ಪರಿಹಾರ ಕೊಡಿಸಿಲ್ಲವೆಂದು ಎದುರು ಪಕ್ಷದವರು ಅಡ್ಡ ಆಕ್ಷೇಪಣೆ ಸಲ್ಲಿಸಿದ್ದರು. ನಾವು ಅಪೀಲು ಬಿಟ್ಟರೂ ಅದರ ವಿಚಾರಣೆ ನಡೆಯಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 22ನೇ ನಿಯಮ ಅದಕ್ಕೆ ಅವಕಾಶ ಕೊಡುತ್ತದೆ. ಅಂದರೆ ಕೋಣೆಯೂ ಹೋಗಿ ಮೇಲೆ ಬಾಕಿಯೂ ಬೀಳುತ್ತಿತ್ತು.

ಆದರೆ ನಮ್ಮ ಕೈಯಲ್ಲೂ ಮಾರುವ ಸರಕೊಂದಿತ್ತು: ಸಮಯ. ಹೊಸ ಮನೆ ಕಟ್ಟಲು ಕಾದಿದ್ದ ದಾಯಾದಿಗಳಿಗೆ ಜಾಗ ಬೇಗ ಬೇಕಿತ್ತು, ಅಪೀಲಿನ ತೀರ್ಪಿಗೋ ವರ್ಷಗಳೇ ಹಿಡಿಯಬಹುದಿತ್ತು. ಚಿಕ್ಕಪ್ಪನನ್ನು ನಡುವೆ ಕೂರಿಸಿ ಮಾತಾಡಿದೆವು. ಮೂರು ತಿಂಗಳಲ್ಲಿ ನಾವು ಜಾಗ ಬಿಡುವುದು, ಅವರು ಪರಿಹಾರದ ಬೇಡಿಕೆ ಕೈಬಿಡುವುದು, ಠೇವಣಿಯನ್ನು ಅರ್ಧರ್ಧ ಹಂಚಿಕೊಳ್ಳುವುದು. ಈ ಕೊನೆಯದಕ್ಕೇ ಹೆಚ್ಚು ಜಗಳವಾಯಿತು. ಚಹಾ ಎರಡು ಸಲ ಆರಿತು.

ರಾಜಿಯನ್ನು ಲೋಕ ಅದಾಲತ್ತಿನಲ್ಲಿ ಬರೆಸಿದೆವು. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ 21ನೇ ಕಲಮಿನಂತೆ ಅಲ್ಲಿ ಇತ್ಯರ್ಥವಾದ ಪ್ರಕರಣದ ಕೋರ್ಟ್ ಶುಲ್ಕ ವಾಪಸಾಗುತ್ತದೆ, ಅಲ್ಲಿನ ಅವಾರ್ಡಿನ ಮೇಲೆ ಅಪೀಲು ಇಲ್ಲ. ಅಪ್ಪ ಕಟ್ಟಿದ್ದ ಶುಲ್ಕ ನಮಗೆ ಹೀಗೆ ಮರಳಿತು.

ನೀವೂ ಅಪೀಲು ಬಿಡುವ ಯೋಚನೆಯಲ್ಲಿದ್ದರೆ, ಮೆಮೊಗೆ ಸಹಿ ಹಾಕುವ ಮೊದಲು ವಕೀಲರನ್ನು ಕೇಳಿ: ಎದುರಿನವರ ಅಡ್ಡ ಆಕ್ಷೇಪಣೆ ಇದೆಯೇ, ಠೇವಣಿ ಯಾರಿಗೆ ಹೋಗುತ್ತದೆ, ಜಾಗ ಬಿಡಲು ಎಷ್ಟು ಸಮಯ. ಉತ್ತರ ಬಾಯಿಮಾತಿನಲ್ಲಿ ಬೇಡ, ರಾಜಿ ಪತ್ರದಲ್ಲೇ ಇರಲಿ.