ನಡುವಣ ಸಂಖ್ಯೆ

ಮಳವಳ್ಳಿ ತಾಲ್ಲೂಕಿನ ಪೂರಿಗಾಲಿಯಲ್ಲಿ ರೈತನೊಬ್ಬನು 115 ಕಬ್ಬಿನ ಜಲ್ಲೆಗಳನ್ನು ಐದು ಹೊರೆಗಳಾಗಿ ಕಟ್ಟಿದನೆಂದು ಭಾವಿಸೋಣ. ಪ್ರತಿಯೊಂದು ಹೊರೆಯಲ್ಲಿಯೂ ಹಿಂದಿನದಕ್ಕಿಂತ ಒಂದು ಜಲ್ಲೆ ಹೆಚ್ಚು. ಯಾವುದರಲ್ಲಿ ಎಷ್ಟು? ಮೊದಲನೆಯ ಹೊರೆಯನ್ನು ‘ಯ’ ಎಂದಿಟ್ಟುಕೊಂಡರೆ 5ಯ + 10 = 115 ಆಗುತ್ತದೆ. ಇದೇನೋ ಸರಿಯೇ. ಆದರೆ ನಾವು ನಡುವಣ ಹೊರೆಯನ್ನೇ ‘ಯ’ ಎಂದರೆ, ಒಂದು ಕಡೆಯ ಹೆಚ್ಚಳವು ಇನ್ನೊಂದು ಕಡೆಯ ಕೊರತೆಯನ್ನು ತುಂಬುತ್ತದೆ; 5ಯ = 115, ಯ = 23. ಹೊರೆಗಳು 21, 22, 23, 24, 25. ಇಂಥ ಶ್ರೇಢಿಗಳ ಮೊತ್ತವನ್ನು ಕಾಣುವ ಬಗೆಯನ್ನು 9ನೆಯ ಶತಮಾನದಲ್ಲಿಯೇ, ರಾಷ್ಟ್ರಕೂಟ ಅಮೋಘವರ್ಷನ ಕಾಲದ ಮಹಾವೀರಾಚಾರ್ಯನು ತನ್ನ ‘ಗಣಿತಸಾರಸಂಗ್ರಹ’ದಲ್ಲಿ ವಿವರಿಸಿದ್ದಾನೆ.

ಜಲ್ಲೆ 100, ಹೊರೆ ನಾಲ್ಕು ಎಂದರೆ? ಈಗ ನಡುವೆ ಎರಡು ಹೊರೆಗಳು; ಅವುಗಳ ಮೊತ್ತವು ಒಟ್ಟಿನ ಅರ್ಧ, ಅಂದರೆ 50 ಆಗಬೇಕು. ಆದರೆ ನೆರೆಯ ಎರಡು ಸಂಖ್ಯೆಗಳಲ್ಲಿ ಒಂದು ಸಮ, ಇನ್ನೊಂದು ಬೆಸ. ಅವುಗಳ ಮೊತ್ತ ಎಂದಿಗೂ ಬೆಸವೇ. ಆದಕಾರಣ ಈ ಲೆಕ್ಕಕ್ಕೆ ಉತ್ತರವಿಲ್ಲ. ಸಮೀಕರಣವಾದರೋ ಮೊದಲ ಹೊರೆ 23½ ಎಂದು ಹೇಳಿಬಿಡುತ್ತದೆ! ಅದಕ್ಕೆ ಕಬ್ಬಿನ ಗೊಡವೆಯಿಲ್ಲ.

64 ಜಲ್ಲೆಗಳನ್ನಂತೂ ಎರಡಾಗಲಿ, ಹತ್ತಾಗಲಿ, ಎಷ್ಟು ಹೊರೆ ಮಾಡಿದರೂ ಹೀಗೆ ಹಂಚಲಾಗದು. ಹೊರೆಗಳ ಸಂಖ್ಯೆ ಬೆಸವಾದರೆ ಆ ಸಂಖ್ಯೆಯೂ, ಸಮವಾದರೆ ನಡುವಣ ಜೋಡಿಯ ಬೆಸ ಮೊತ್ತವೂ 64ನ್ನು ಭಾಗಿಸಬೇಕು. 1ನ್ನುಳಿದು 64ಕ್ಕೆ ಬೆಸ ಭಾಜಕವೇ ಇಲ್ಲ.