ಹಸಿ ತಪ್ಪಲಿನ ಪಚಡಿ: ಹೊಸಬರಿಗೆ ಹಂತ ಹಂತವಾಗಿ

ಸಿಂಧನೂರು, ಲಿಂಗಸುಗೂರು, ಮಸ್ಕಿ ಕಡೆ ರೊಟ್ಟಿ ಊಟಕ್ಕೆ ಕೂತರೆ ತಾಟಿನ ಅಂಚಿಗೆ ಹಸಿ ಮೆಂತೆ, ಉಳ್ಳಾಗಡ್ಡಿ, ಸೌತಿಕಾಯಿ ಬರಲೇಬೇಕು. ಅವನ್ನೇ ಹುಳಿ, ಎಣ್ಣೆ, ಪುಡಿ ಹಾಕಿ ಕಲಸಿದರೆ ಪಚಡಿ. ಹೋಟೆಲಿನವರು ಗ್ರೀನ್ ಸಲಾಡ್ ಎಂದು ಕೊಡುವ ಲೆಟ್ಯೂಸ್ ನಮ್ಮ ಬಿಸಿಲಿಗೆ ಬೇಗ ಬಾಡುತ್ತದೆ. ಸಂತೆಯಲ್ಲಿ ಆಗಷ್ಟೇ ಬಂದಿಳಿದ ತಪ್ಪಲಿನ ರುಚಿ ಅದಕ್ಕಿಲ್ಲ.

ಮೊದಲು, ಸೊಪ್ಪು ಆರಿಸುವುದು. ನಾಲ್ವರಿಗೆ ಎರಡು ಹಿಡಿ ಎಳೆ ಮೆಂತೆ, ಎರಡು ಹಿಡಿ ಹಕ್ಕರಕಿ, ಒಂದು ಹಿಡಿ ಮೂಲಂಗಿಯ ಎಳೆ ಎಲೆ, ಸ್ವಲ್ಪ ಕೊತ್ತಂಬರಿ, ಒಂದು ಸೌತಿಕಾಯಿ, ಒಂದು ಉಳ್ಳಾಗಡ್ಡಿ ಸಾಕು. ಹಕ್ಕರಕಿ ಚಳಿಗಾಲದಲ್ಲಿ ಹಿಂಗಾರಿ ಜೋಳದ ಎರೆಹೊಲದಲ್ಲಿ ತಾನಾಗಿಯೇ ಬೆಳೆಯುತ್ತದೆ. ಅಂಚು ಹಲ್ಲುಹಲ್ಲಾದ ಎಲೆಗಳು ನೆಲಕ್ಕೆ ಅಂಟಿ ಸುತ್ತಲೂ ಹರಡಿರುತ್ತವೆ, ಮುರಿದರೆ ಬಿಳಿ ಹಾಲು ಒಸರುತ್ತದೆ. ಸಿಂಧನೂರಿನ ಕಾಲುವೆ ನೀರಿನ ಭತ್ತದ ಗದ್ದೆಗಳಲ್ಲಿ ಹುಡುಕಬೇಡಿ, ಒಣಬೇಸಾಯದ ಊರಿನವರನ್ನು ಕೇಳಿ. ಔಷಧಿ ಹೊಡೆದ ಹತ್ತಿ ಹೊಲದ ಬದುವಿನಿಂದ ಮಾತ್ರ ಯಾವ ಸೊಪ್ಪನ್ನೂ ಕೀಳಬಾರದು. ಹಕ್ಕರಕಿ ಸಿಗದಿದ್ದರೆ ಮೆಂತೆಯನ್ನೇ ಹೆಚ್ಚು ಮಾಡಿಕೊಳ್ಳಿ.

ಎರಡನೆಯದು, ತೊಳೆದು ಒಣಗಿಸುವುದು. ಎರೆಮಣ್ಣು ಎಲೆಯ ಬುಡಕ್ಕೆ ಗಟ್ಟಿಯಾಗಿ ಹಿಡಿದಿರುತ್ತದೆ. ಅಗಲ ಪಾತ್ರೆಯಲ್ಲಿ ನೀರು ತುಂಬಿ ಸೊಪ್ಪು ಮುಳುಗಿಸಿ, ಕೈಯಿಂದ ಮೇಲಕ್ಕೆತ್ತಿಕೊಳ್ಳಿ. ಪಾತ್ರೆ ಬಗ್ಗಿಸಿ ನೀರು ಸುರಿದರೆ ತಳದ ಮಣ್ಣು ಮತ್ತೆ ಸೊಪ್ಪಿಗೇ ಬರುತ್ತದೆ. ನೀರು ತಿಳಿಯಾಗುವ ತನಕ ಹೀಗೇ ಮಾಡಿ. ಆಮೇಲೆ ಹತ್ತಿ ಬಟ್ಟೆಯ ಮೇಲೆ ಹರವಿ, ಇನ್ನೊಂದು ಬಟ್ಟೆಯಿಂದ ಮೆಲ್ಲಗೆ ಒತ್ತಿ ಒರೆಸಿ. ಒದ್ದೆ ಎಲೆಗೆ ಎಣ್ಣೆ ಹತ್ತುವುದಿಲ್ಲ, ರಸವೆಲ್ಲ ತಳಕ್ಕಿಳಿದು ನೀರಾಗುತ್ತದೆ. ಹೊಸಬರ ಪಚಡಿ ಕೆಡುವುದು ಹೆಚ್ಚಾಗಿ ಇಲ್ಲೇ.

ಮೂರನೆಯದು, ಹೆಚ್ಚುವುದು. ಮೆಂತೆಯನ್ನು ಸಣ್ಣಗೆ ಹೆಚ್ಚಿದಷ್ಟೂ ಕಹಿ ಬಿಡುತ್ತದೆ, ಎಲೆ ಬಿಡಿಸಿದರೆ ಸಾಕು. ಹಕ್ಕರಕಿಯನ್ನು ಕೈಯಿಂದಲೇ ಹರಿಯಿರಿ. ಸೌತಿಕಾಯಿಯ ತುದಿ ಕಚ್ಚಿ ನೋಡಿ, ಕಹಿ ಇದ್ದರೆ ಬಿಟ್ಟುಬಿಡಿ.

ನಾಲ್ಕನೆಯದು, ಹುಳಿ-ಎಣ್ಣೆ. ಫ್ರೆಂಚರ ವಿನೆಗ್ರೆಟ್‌ಗೆ ಒಂದು ಪಾಲು ವಿನೆಗರ್, ಮೂರು ಪಾಲು ಎಣ್ಣೆ ಎಂಬ ಲೆಕ್ಕವಿದೆ. ನಮ್ಮ ಕಹಿ ಸೊಪ್ಪಿಗೆ ಹುಳಿ ಇನ್ನಷ್ಟು ಬೇಕು, ಹಾಗಾಗಿ ಒಂದಕ್ಕೆ ಎರಡು. ಬಟ್ಟಲಿಗೆ ಒಂದೂವರೆ ದೊಡ್ಡ ಚಮಚ ನಿಂಬೆರಸ, ಅರ್ಧ ಸಣ್ಣ ಚಮಚ ಉಪ್ಪು, ಚಿಟಿಕೆ ಬೆಲ್ಲ ಹಾಕಿ ಕರಗುವವರೆಗೆ ಕಲಕಿ. ಉಪ್ಪು ಎಣ್ಣೆಯಲ್ಲಿ ಕರಗುವುದಿಲ್ಲ, ಆದ್ದರಿಂದ ಹುಳಿಯೇ ಮೊದಲು. ಈಗ ಒಂದು ದೊಡ್ಡ ಚಮಚ ಗುರೆಳ್ಳು ಪುಡಿ ಸೇರಿಸಿ. ಆಮೇಲೆ ಮೂರು ದೊಡ್ಡ ಚಮಚ ಗಾಣದ ಶೇಂಗಾ ಎಣ್ಣೆಯನ್ನೋ ಕುಸುಬಿ ಎಣ್ಣೆಯನ್ನೋ ಸಣ್ಣ ಧಾರೆಯಾಗಿ ಬಿಡುತ್ತಾ ಚಮಚದಿಂದ ಜೋರಾಗಿ ಕಡೆಯಿರಿ. ಬಿಡಿಬಿಡಿಯಾಗಿದ್ದ ಎಣ್ಣೆ, ರಸ ಕೂಡಿಕೊಂಡು ಮಂದವಾಗುತ್ತವೆ. ಫ್ರೆಂಚರು ಇದಕ್ಕಾಗಿ ಸಾಸಿವೆ ಹಾಕುತ್ತಾರೆ, ನಮ್ಮಲ್ಲಿ ಪುಡಿ ಆ ಕೆಲಸಕ್ಕೆ ನೆರವಾಗುತ್ತದೆ. ಒಂದು ಎಲೆಯನ್ನು ಅದ್ದಿ ತಿಂದು ನೋಡಿ. ಚಮಚದಲ್ಲಿ ನೆಕ್ಕಿದಾಗ ಹೆಚ್ಚೆನಿಸುವ ಹುಳಿ ಎಲೆಯ ಜೊತೆ ಸರಿಹೋಗುತ್ತದೆ.

ಕಡಲೆ ಗಿಡದ ಎಳೆ ಕುಡಿ ಸಿಕ್ಕರೆ ಅದನ್ನೂ ಬೆರೆಸಿ. ಅದರ ಎಲೆಯ ಮೇಲೇ ಹುಳಿ ಒಸರಿರುತ್ತದೆ, ಕಿತ್ತ ಬೆರಳು ನೆಕ್ಕಿದರೆ ಗೊತ್ತಾಗುತ್ತದೆ. ಒಂದೇ ಸಲ ಬೇಗ ಜಾಲಿಸಿ ತೆಗೆಯಿರಿ, ನಿಂಬೆರಸ ಅರ್ಧಕ್ಕಿಳಿಸಿ.

ಕೊನೆಗೆ, ಕಲಸುವುದು. ಎಲ್ಲರೂ ತಾಟಿನ ಮುಂದೆ ಕೂತ ಮೇಲೆಯೇ ಕಲಸಿ. ಉಪ್ಪು ತಗುಲಿದ ಸೊಪ್ಪು ನೀರು ಬಿಟ್ಟು ಮೆತ್ತಗಾಗುತ್ತದೆ. ಅಗಲ ಪಾತ್ರೆಯಲ್ಲಿ ಸೊಪ್ಪಿಗೆ ಕಡೆದ ಹುಳಿ-ಎಣ್ಣೆಯ ಅರ್ಧ ಹಾಕಿ, ಬೆರಳು ಬಿಡಿಸಿ ಕೆಳಗಿನಿಂದ ಮೇಲಕ್ಕೆ ಎತ್ತಿ ಕಲಸಿ. ಎಲೆ ಹೊಳೆಯುತ್ತಿದ್ದರೆ ಸಾಕು, ಇಲ್ಲದಿದ್ದರೆ ಇನ್ನಷ್ಟು ಹಾಕಿ. ಸಜ್ಜಿ ರೊಟ್ಟಿ, ಜೋಳದ ರೊಟ್ಟಿ ಯಾವುದಕ್ಕೂ ಸರಿ. ಉಳಿದದ್ದನ್ನು ಚೆಲ್ಲಬೇಡಿ, ಸಂಜೆ ಜೋಳದ ಹಿಟ್ಟಿಗೆ ಕಲಸಿ ಥಾಲಿಪಟ್ಟು ತಟ್ಟಿ.