ಪ್ರತಿಭಟನೆಯ ಮತವೂ ಆಧುನಿಕ ಸಮಾಜವೂ

1529ನೆಯ ಇಸವಿಯಲ್ಲಿ ಜರ್ಮನಿಯ ಸ್ಪೈಯರ್ ನಗರದಲ್ಲಿ ನೆರೆದ ಸಾಮ್ರಾಜ್ಯ ಸಭೆಯು, ಲೂಥರನ ಮತಸುಧಾರಣೆ ಇನ್ನು ಮುಂದೆ ಹರಡಕೂಡದೆಂದು ಬಹುಮತದಿಂದ ನಿರ್ಣಯಿಸಿತು. ಆರು ಮಂದಿ ಅರಸರೂ ಹದಿನಾಲ್ಕು ನಗರಗಳವರೂ ಇದನ್ನೊಪ್ಪದೆ ತಮ್ಮ ಪ್ರತಿಭಟನೆಯನ್ನು ಬರೆದು ಸಲ್ಲಿಸಿದರು. ದೇವರ ಮಹಿಮೆಗೂ ಆತ್ಮದ ಮುಕ್ತಿಗೂ ಸೇರಿದ ವಿಷಯದಲ್ಲಿ ಪ್ರತಿಯೊಬ್ಬನೂ ತಾನೇ ದೇವರಿಗೆ ಲೆಕ್ಕ ಒಪ್ಪಿಸಬೇಕಾಗಿರುವುದರಿಂದ ಅಲ್ಲಿ ಬಹುಮತದ ಮಾತು ನಡೆಯದೆಂಬುದು ಅವರ ವಾದ. ‘ಪ್ರಾಟೆಸ್ಟಂಟ್’ ಎಂಬ ಹೆಸರು ಹುಟ್ಟಿದ್ದು ಈ ಪ್ರಸಂಗದಿಂದ. ಹೆಸರಿನಲ್ಲಿಯೇ ಪ್ರತಿಭಟನೆಯನ್ನು ಹೊತ್ತ ಈ ಮತವು ಆಧುನಿಕ ಸಮಾಜದೊಡನೆ ಹೇಗೆ ಹೊಂದಿಕೊಂಡಿತು, ಹೊಂದಿಕೊಳ್ಳುವಾಗ ತನ್ನ ಹೆಸರಿನ ಅರ್ಥವನ್ನು ಎಷ್ಟರಮಟ್ಟಿಗೆ ಉಳಿಸಿಕೊಂಡಿತು ಎಂಬುದನ್ನು ಇಲ್ಲಿ ವಿಚಾರ ಮಾಡಬೇಕೆಂದಿದ್ದೇನೆ. ಇಂಗ್ಲೆಂಡ್, ಅಮೆರಿಕಗಳ ಕಥೆ ಬೇರೆಯೇ ಆದುದರಿಂದ ಜರ್ಮನ್ ಭಾಷೆಯ ನಾಡುಗಳನ್ನು ಮಾತ್ರ ತೆಗೆದುಕೊಂಡಿದ್ದೇನೆ.

ಪಾಪದ ದಂಡನೆಯನ್ನು ಮನ್ನಿಸುವ ಪತ್ರಗಳನ್ನು ಹಣಕ್ಕೆ ಮಾರುವುದನ್ನು ಖಂಡಿಸಿ ಮಾರ್ಟಿನ್ ಲೂಥರನು 1517ರಲ್ಲಿ ತನ್ನ 95 ವಾದಸೂತ್ರಗಳನ್ನು ಹೊರಡಿಸಿದ ಸಂಗತಿ ನಮಗೆಲ್ಲ ಪಠ್ಯಪುಸ್ತಕಗಳಿಂದ ತಿಳಿದದ್ದೇ. ಅದಕ್ಕಿಂತ ದೂರಗಾಮಿಯಾದುದು ಅವನ ಇನ್ನೊಂದು ವಿಚಾರ. ಸಂನ್ಯಾಸಿಯ ಬಾಳು ಗೃಹಸ್ಥನ ಬಾಳಿಗಿಂತ ಮೇಲಲ್ಲ. ಚಮ್ಮಾರನಾಗಲಿ ಒಕ್ಕಲಿಗನಾಗಲಿ ತನ್ನ ಕಸುಬಿನಲ್ಲಿಯೇ ದೇವರ ಕರೆಗೆ ಓಗೊಡಬಲ್ಲನೆಂದು ಅವನು ಸಾರಿದನು. ನಮ್ಮ ಓದುಗರಿಗೆ ಇಲ್ಲಿ ಶರಣರ ಕಾಯಕತತ್ತ್ವ ನೆನಪಾಗುವುದು ಸಹಜ. ಆದರೆ ಎರಡನ್ನೂ ಒಂದೇ ಎನ್ನಲಾಗದು. ಇದ್ದ ಕಸುಬಿನಲ್ಲಿಯೇ ಇರು, ಮೇಲಿನವರಿಗೆ ವಿಧೇಯನಾಗಿರು ಎಂಬ ಧ್ವನಿ ಲೂಥರನಲ್ಲಿ ಬಲವಾಗಿದೆ. 1525ರಲ್ಲಿ ರೈತರು ದಂಗೆಯೆದ್ದಾಗ ಅವನು ಅರಸರ ಪಕ್ಷವನ್ನೇ ಹಿಡಿದನು. 1555ರ ಆಗ್ಸ್‌ಬರ್ಗ್ ಒಪ್ಪಂದದಿಂದ, ಅರಸನ ಮತವೇ ನಾಡಿನ ಮತವೆಂದಾಯಿತು. ಪೋಪನನ್ನು ಪ್ರತಿಭಟಿಸಿ ಹುಟ್ಟಿದ ಚರ್ಚು ಹೀಗೆ ಅರಸನ ಆಸರೆಗೆ ಬಂದು ನಿಂತಿತು. ಮುಂದಿನ ಕಥೆಗೆ ಇದೇ ಬೀಜ.

ಕ್ಯಾಲ್ವಿನನ ಬೋಧನೆಗೂ ಬಂಡವಾಳಶಾಹಿಯ ಮನೋಧರ್ಮಕ್ಕೂ ಇರುವ ನಂಟನ್ನು ಮ್ಯಾಕ್ಸ್ ವೇಬರನು 1904–05ರಲ್ಲಿ ಬರೆದ ಪ್ರಬಂಧದಲ್ಲಿ ವಿವರಿಸಿದ್ದಾನೆ. ಅರ್ಥಶಾಸ್ತ್ರದ ತರಗತಿಗಳಲ್ಲಿ ಇದು ಸಾಕಷ್ಟು ಚರ್ಚಿತವಾಗಿರುವುದರಿಂದ ಇಲ್ಲಿ ವಿಸ್ತರಿಸುವುದಿಲ್ಲ. ಹಣದ ಬಗೆಗಿನ ಹೊಂದಾಣಿಕೆಗಿಂತ ಅರಿವಿನ ಬಗೆಗಿನ ಹೊಂದಾಣಿಕೆ ನನಗೆ ಹೆಚ್ಚು ಕುತೂಹಲಕರವಾಗಿ ತೋರುತ್ತದೆ.

ಹದಿನೆಂಟನೆಯ ಶತಮಾನದ ವಿಚಾರಕ್ರಾಂತಿಯ ಮುಂದೆ ಮತದ ಹಳೆಯ ಆಧಾರಗಳು ಸಡಿಲವಾದುವು. ದೇವರ ಅಸ್ತಿತ್ವವನ್ನು ಶುದ್ಧ ತರ್ಕದಿಂದ ಸಾಧಿಸಲಾಗದೆಂದು ಕಾಂಟನು 1781ರಲ್ಲಿ ತೋರಿಸಿದನು. ಬರ್ಲಿನ್ನಿನ ವಿದ್ಯಾವಂತರಿಗೆ ಮತವೆಂದರೆ ತಾತ್ಸಾರ. ಅಂಥವರನ್ನೇ ಉದ್ದೇಶಿಸಿ ಪಾದ್ರಿ ಷ್ಲೈಯರ್‌ಮಾಕರನು 1799ರಲ್ಲಿ ‘ಮತವನ್ನು ತಿರಸ್ಕರಿಸುವ ಸುಸಂಸ್ಕೃತರಿಗೆ’ ಎಂದು ಕೆಲವು ಭಾಷಣಗಳನ್ನು ಬರೆದು ಪ್ರಕಟಿಸಿದನು. ಮತವು ವಿಜ್ಞಾನದಂತೆ ತಿಳಿವಲ್ಲ, ನೀತಿಯಂತೆ ನಡತೆಯೂ ಅಲ್ಲ. ಅನಂತವನ್ನು ಕುರಿತ ಅನುಭೂತಿಯೇ ಅದರ ತಿರುಳು ಎಂದನು. ಇದರಿಂದ ಆದ ಲಾಭ ದೊಡ್ಡದು. ವಿಜ್ಞಾನ ಏನನ್ನೇ ಕಂಡುಹಿಡಿಯಲಿ, ಮತಕ್ಕೆ ಬಾಧಕವಿಲ್ಲದಾಯಿತು. ಆದರೆ ಮತದ ನೆಲೆ ಅನುಭೂತಿಯೇ ಆದರೆ, ಒಳಗೆ ನುಡಿಯುತ್ತಿರುವುದು ದೇವರೋ, ನಮ್ಮದೇ ಹೃದಯವೋ, ನಮ್ಮ ನಾಡಿನ ಅಭಿಮಾನವೋ ಎಂದು ಬೇರ್ಪಡಿಸುವ ಒರೆಗಲ್ಲು ಯಾವುದು? ಈ ಪ್ರಶ್ನೆ ನೂರು ವರ್ಷ ಯಾರನ್ನೂ ಅಷ್ಟಾಗಿ ಕಾಡಲಿಲ್ಲ.

ಆ ನೂರು ವರ್ಷಗಳಲ್ಲಿ ಬೈಬಲ್ಲನ್ನು ಇತರ ಪ್ರಾಚೀನ ಗ್ರಂಥಗಳಂತೆಯೇ ಪರಿಶೋಧಿಸುವ ಧೈರ್ಯ ಬೆಳೆಯಿತು. ಮತಾಧಿಕಾರಿಗಳಿಗೆ ಹೆದರದೆ ತಮ್ಮ ಧರ್ಮಗ್ರಂಥವನ್ನು ತಾವೇ ವಿಮರ್ಶೆಗೆ ಒಡ್ಡಿದುದು ಈ ಪಂಡಿತರ ಹಿರಿಮೆಯೆಂದೇ ನನ್ನ ಭಾವನೆ. ಟ್ಯೂಬಿಂಗನ್ನಿನ ತರುಣ ಉಪಾಧ್ಯಾಯ ಸ್ಟ್ರೌಸನು 1835ರಲ್ಲಿ ಯೇಸುವಿನ ಚರಿತ್ರೆಯನ್ನು ಬರೆದು, ಅದರಲ್ಲಿನ ಪವಾಡಗಳು ಆದಿಭಕ್ತರ ವಿಶ್ವಾಸದಿಂದ ಮೂಡಿದ ಪುರಾಣವೆಂದು ವಾದಿಸಿ ಕೆಲಸವನ್ನು ಕಳೆದುಕೊಂಡನು. ಅದೇ ಟ್ಯೂಬಿಂಗನ್ನಿನಲ್ಲಿ ಓದಿದ ಹೆರ್ಮನ್ ಮೋಗ್ಲಿಂಗರು ಮರುವರ್ಷ, ಎಂದರೆ 1836ರಲ್ಲಿ, ಬಾಸೆಲ್ ಮಿಷನ್ನಿನಿಂದ ಮಂಗಳೂರಿಗೆ ಬಂದರು. 1843ರಲ್ಲಿ ‘ಮಂಗಳೂರ ಸಮಾಚಾರ’ವನ್ನು ಹೊರಡಿಸಿದವರು ಇವರೇ. ಬಾಸೆಲ್ಲಿನವರದು ಭಕ್ತಿಪಂಥ, ಸ್ಟ್ರೌಸನ ಮಾರ್ಗ ಅವರಿಗೆ ಸಲ್ಲದು. ಆದುದರಿಂದ ನಮ್ಮ ಕರಾವಳಿಗೆ ಬಂದ ಪ್ರಾಟೆಸ್ಟಂಟ್ ಮತವು ಅಚ್ಚುಕೂಟವನ್ನೂ 1865ರಲ್ಲಿ ಹಂಚಿನ ಕಾರ್ಖಾನೆಯನ್ನೂ ತಂದಿತಾದರೂ ತನ್ನ ಊರಿನಲ್ಲಿ ನಡೆಯುತ್ತಿದ್ದ ಈ ವಾಗ್ವಾದವನ್ನು ತರಲಿಲ್ಲ.

ಜರ್ಮನಿಯಲ್ಲಿ ಈ ಉದಾರಪಂಥದ ಶಿಖರವೆಂದರೆ ಅಡಾಲ್ಫ್ ಹಾರ್ನಾಕ್. 1899–1900ರ ಚಳಿಗಾಲದಲ್ಲಿ ಬರ್ಲಿನ್ ವಿಶ್ವವಿದ್ಯಾನಿಲಯದ ಎಲ್ಲ ವಿಭಾಗಗಳ ವಿದ್ಯಾರ್ಥಿಗಳಿಗೂ ಕ್ರೈಸ್ತಮತದ ಸಾರವೇನೆಂಬುದನ್ನು ಉಪನ್ಯಾಸಗಳಲ್ಲಿ ತಿಳಿಸಿದನು. ದೇವರು ತಂದೆ, ಮಾನವನ ಆತ್ಮ ಅಮೂಲ್ಯ, ಪ್ರೀತಿಯೇ ಧರ್ಮ. ಇದನ್ನು ಒಪ್ಪದ ಸಜ್ಜನರಾರು? ಮತವೂ ಸಂಸ್ಕೃತಿಯೂ ಕೈ ಕೈ ಹಿಡಿದು ನಡೆದಂತಿತ್ತು. ಅಷ್ಟರಲ್ಲಿ 1914 ಬಂದಿತು. ಯುದ್ಧಾರಂಭದಲ್ಲಿ ಚಕ್ರವರ್ತಿಯು ಪ್ರಜೆಗಳಿಗೆ ಮಾಡಿದ ಮನವಿಯ ಕರಡನ್ನು ಸಿದ್ಧಪಡಿಸುವುದರಲ್ಲಿ ಹಾರ್ನಾಕನ ಕೈಯಿತ್ತು. ಅಕ್ಟೋಬರಿನಲ್ಲಿ, ಬೆಲ್ಜಿಯಮ್ಮಿನಲ್ಲಿ ಜರ್ಮನ್ ಸೇನೆ ನಡೆದುಕೊಂಡ ರೀತಿಯನ್ನು ಸಮರ್ಥಿಸಿ 93 ಮಂದಿ ವಿದ್ವಾಂಸರು ಹೊರಡಿಸಿದ ಹೇಳಿಕೆಗೆ ಅವನ ಸಹಿಯೂ ಬಿತ್ತು.

ಆ ಪಟ್ಟಿಯನ್ನು ಓದಿ ತತ್ತರಿಸಿದವರಲ್ಲಿ ಹಾರ್ನಾಕನ ಶಿಷ್ಯನೇ ಆದ ಕಾರ್ಲ್ ಬಾರ್ಟ್ ಒಬ್ಬನು. ಅವನಾಗ ಸ್ವಿಟ್ಸರ್ಲೆಂಡಿನ ಜಾಫೆನ್‌ವಿಲ್ ಎಂಬ ಊರಿನ ಪಾದ್ರಿ. ಅಲ್ಲಿನ ನೂಲು ಬಟ್ಟೆಯ ಕೆಲಸಗಾರರ ಸಂಘಕ್ಕೆ ಬೆಂಬಲವಿತ್ತು ಮಾಲೀಕರ ಕೋಪಕ್ಕೆ ಗುರಿಯಾದವನು. ಗುರುಗಳ ನಡತೆ ಹೀಗಾದರೆ ಅವರ ಶಾಸ್ತ್ರದ ಬುಡದಲ್ಲಿಯೇ ದೋಷವಿರಬೇಕೆಂದು ಅವನಿಗೆ ತೋರಿತು. 1919ರಲ್ಲಿ ಬಂದು 1922ರಲ್ಲಿ ಪೂರ್ತಿಯಾಗಿ ತಿದ್ದಿ ಬರೆಯಲ್ಪಟ್ಟ ರೋಮಾಪುರದವರ ಪತ್ರಿಕೆಯ ವ್ಯಾಖ್ಯಾನದಲ್ಲಿ, ದೇವರು ಮಾನವ ಸಂಸ್ಕೃತಿಯ ಮೇಲುಮಹಡಿಯಲ್ಲ, ಅದಕ್ಕೆ ಸಂಪೂರ್ಣವಾಗಿ ಬೇರೆಯಾದವನು, ಅದರ ನ್ಯಾಯಾಧಿಪತಿ ಎಂದು ಘೋಷಿಸಿದನು. 1923ರಲ್ಲಿ ಹಾರ್ನಾಕನು ದೈವಶಾಸ್ತ್ರಜ್ಞರೊಳಗೇ ಇದ್ದುಕೊಂಡು ಶಾಸ್ತ್ರೀಯ ವಿಮರ್ಶೆಯನ್ನು ತಿರಸ್ಕರಿಸುವವರಿಗೆ ಹದಿನೈದು ಪ್ರಶ್ನೆಗಳನ್ನು ಬಹಿರಂಗವಾಗಿ ಹಾಕಿದನು. ಬಾರ್ಟನು ಉತ್ತರಿಸಿದನು. ಷ್ಲೈಯರ್‌ಮಾಕರನ ಕಾಲದಲ್ಲಿ ಮತಕ್ಕೆ ರಕ್ಷಣೆ ಬೇಕಾಗಿದ್ದರೆ ಈಗ ವಿಮರ್ಶೆಗೇ ರಕ್ಷಣೆ ಬೇಕಾಗಿತ್ತು!

ಈ ಜಗಳದ ಬೆಲೆ ಗೊತ್ತಾದುದು 1933ರಲ್ಲಿ. ಹಿಟ್ಲರನ ಉದಯದಲ್ಲಿ ದೇವರ ಕೈಯನ್ನು ಕಂಡ ‘ಜರ್ಮನ್ ಕ್ರೈಸ್ತರು’ ಎಂಬ ಪಕ್ಷದವರು ಚರ್ಚುಗಳ ಆಡಳಿತವನ್ನು ವಶಪಡಿಸಿಕೊಂಡರು. ಸೆಪ್ಟೆಂಬರಿನಲ್ಲಿ ಪ್ರಷ್ಯದ ಚರ್ಚು ಯೆಹೂದ್ಯ ವಂಶದವರು ಪಾದ್ರಿಗಳಾಗಿರಕೂಡದೆಂಬ ನಿಯಮವನ್ನು ಅಂಗೀಕರಿಸಿತು. ಇದಕ್ಕೆ ಎದುರಾಗಿ 1934ರ ಮೇ ತಿಂಗಳಲ್ಲಿ ಬಾರ್ಮೆನ್ನಿನಲ್ಲಿ ಸೇರಿದ ಸಭೆಯು ಬಹುಮಟ್ಟಿಗೆ ಬಾರ್ಟನೇ ಬರೆದ ಘೋಷಣೆಯನ್ನು ಸ್ವೀಕರಿಸಿತು. ಕ್ರಿಸ್ತನೊಬ್ಬನ ಹೊರತು ಬೇರಾವ ನಾಯಕನ, ಘಟನೆಯ, ಶಕ್ತಿಯ ಮಾತನ್ನೂ ದೇವರ ವಾಕ್ಯವೆಂದು ಒಪ್ಪೆವು ಎಂಬುದು ಅದರ ಮೊದಲನೆಯ ಸೂತ್ರದ ತಾತ್ಪರ್ಯ. ಸ್ಪೈಯರಿನ ದನಿ ನಾಲ್ಕುನೂರು ವರ್ಷಗಳ ಮೇಲೆ ಮತ್ತೆ ಕೇಳಿಸಿತು. ಹಿಟ್ಲರನಿಗೆ ಷರತ್ತಿಲ್ಲದೆ ಪ್ರಮಾಣ ಮಾಡಲೊಪ್ಪದ ಬಾರ್ಟನು 1935ರಲ್ಲಿ ಬಾನ್ ವಿಶ್ವವಿದ್ಯಾನಿಲಯದ ಹುದ್ದೆಯನ್ನು ಕಳೆದುಕೊಂಡು ಬಾಸೆಲ್ಲಿಗೆ ಹೋದನು.

ಆದರೆ ಬಾರ್ಮೆನ್ ಘೋಷಣೆಯನ್ನು ಹೊಗಳುವವರು ಅದರಲ್ಲಿ ಯೆಹೂದ್ಯರ ಮಾತೇ ಇಲ್ಲವೆಂಬುದನ್ನು ಗಮನಿಸಬೇಕು. ಬಾರ್ಟನೇ 1967ರ ಒಂದು ಪತ್ರದಲ್ಲಿ, ಇದು ತನ್ನ ಅಪರಾಧವೆಂದು ಬಹುಕಾಲದಿಂದ ಅನಿಸಿರುವುದಾಗಿ ಬರೆದನು. ಬಾರ್ಟನ ಹಳೆಯ ಸಂಗಡಿಗ ಗೋಗಾರ್ಟನ್ 1933ರಲ್ಲಿ ಕೆಲಕಾಲ ಎದುರು ಪಕ್ಷವನ್ನು ಸೇರಿದ್ದನು. ಇತ್ತ ಹಾರ್ನಾಕನ ಮಗ ಎರ್ನ್‌ಸ್ಟ್ ಹಿಟ್ಲರನ ವಿರುದ್ಧದ ಸಂಚಿನಲ್ಲಿ ಭಾಗಿಯಾಗಿ 1945ರ ಮಾರ್ಚಿಯಲ್ಲಿ ಮರಣದಂಡನೆಗೆ ಒಳಗಾದನು. ಆದಕಾರಣ ಉದಾರಪಂಥದವರೆಲ್ಲ ಶರಣಾದರು, ಬಾರ್ಟನ ಕಡೆಯವರೆಲ್ಲ ಎದುರಿಸಿದರು ಎಂದು ಗೆರೆ ಎಳೆಯಲು ಬರುವಂತಿಲ್ಲ.

ಈ ಎರಡು ಧಾರೆಗಳೂ ಕೂಡಿದ್ದು ಡೀಟ್ರಿಷ್ ಬಾನ್‌ಹಾಫರನಲ್ಲಿ. ಬಾರ್ಟನನ್ನು ಮೆಚ್ಚಿದ ಇವನೇ 1930ರಲ್ಲಿ ಹಾರ್ನಾಕನ ಸ್ಮರಣಸಭೆಯಲ್ಲಿ ಶಿಷ್ಯರ ಪರವಾಗಿ ಮಾತನಾಡಿದವನು. ಯೆಹೂದ್ಯರ ಪ್ರಶ್ನೆಯನ್ನು ಚರ್ಚಿನ ಮುಂದೆ 1933ರಲ್ಲಿಯೇ ಇಟ್ಟವರಲ್ಲಿ ಇವನೂ ಒಬ್ಬ. 1943ರ ಏಪ್ರಿಲಿನಲ್ಲಿ ಸೆರೆಸಿಕ್ಕಿ, ಬರ್ಲಿನ್ನಿನ ಟೇಗಲ್ ಸೆರೆಮನೆಯಿಂದ ಗೆಳೆಯನಿಗೆ ಬರೆದ ಪತ್ರಗಳಲ್ಲಿ ಹೊಂದಾಣಿಕೆಯ ಪ್ರಶ್ನೆಯನ್ನೇ ಅವನು ತಿರುಗಿಸಿಟ್ಟನು. ಜಗತ್ತು ಪ್ರಾಪ್ತವಯಸ್ಕವಾಗಿದೆ, ಅದರ ಅರಿವು ಸೋತ ಕಡೆಗಳಲ್ಲಿ ದೇವರಿಗೆ ಜಾಗ ಹುಡುಕುವುದು ಹೇಡಿತನ, ಬಾಳಿನ ನಡುಮಧ್ಯದಲ್ಲಿ, ಪರರಿಗಾಗಿ ಬದುಕುವುದರಲ್ಲಿ ದೇವರನ್ನು ಕಾಣಬೇಕು ಎಂಬುದು ಅವನ ವಿಚಾರ. 1944ರ ಆಗಸ್ಟಿನಲ್ಲಿ ಅವನು ನೂರು ಪುಟಗಳನ್ನು ಮೀರದ ಒಂದು ಪುಸ್ತಕದ ರೂಪರೇಖೆಯನ್ನು ಬರೆದನು. ಚರ್ಚು ತನ್ನ ಆಸ್ತಿಯನ್ನೆಲ್ಲ ಬಡವರಿಗೆ ಕೊಟ್ಟುಬಿಡಬೇಕು, ಪಾದ್ರಿಗಳು ಭಕ್ತರು ಮನಸಾರ ಕೊಟ್ಟುದರಿಂದಲೋ ಬೇರೊಂದು ಕಸುಬಿನಿಂದಲೋ ಜೀವಿಸಬೇಕು ಎಂದು ಅದರಲ್ಲಿದೆ. 1945ರ ಏಪ್ರಿಲ್ 9ರಂದು ಫ್ಲಾಸೆನ್‌ಬರ್ಗಿನಲ್ಲಿ ಅವನನ್ನು ಗಲ್ಲಿಗೇರಿಸಿದರು. ಪತ್ರಗಳು 1951ರಲ್ಲಿ ಅಚ್ಚಾದುವು. ಆ ಪುಸ್ತಕದ ಹಸ್ತಪ್ರತಿ ಉಳಿಯಲಿಲ್ಲ.